ಗಾಜಿನೊಳಗಿನ ಅಣ್ಣ

ಆ ಮನೆಯ ಮೂರನೆಯ ಮಹಡಿಯಲ್ಲಿ, ಉತ್ತರಕ್ಕೆ ತೆರೆದ ದೊಡ್ಡ ಕಿಟಕಿಯ ಪಕ್ಕ ಒಂದು ಉದ್ದನೆಯ ಮೇಜಿತ್ತು. ಹನ್ನೊಂದು ವರ್ಷಗಳಿಂದ ಗಾಜಕ್ಕ ಆ ಮೇಜಿನ ಮುಂದೆ ಕೂತು, ತಾನು ಎಂದೂ ಕಾಣದ ಊರುಗಳ ಜನರ ಮುಖದ ಮೇಲಿನ ಧೂಳು ಒರೆಸುತ್ತಿದ್ದಳು.

ಗಾಜಕ್ಕ ಎಂಬುದು ಅಡುಗೆಯವಳಿಂದ ಹಿಡಿದು ಯಜಮಾನರವರೆಗೆ ಎಲ್ಲರ ಬಾಯಲ್ಲೂ ಕೂತುಬಿಟ್ಟ ಹೆಸರು. ಯಜಮಾನರು ಹಡಗಿನ ವ್ಯಾಪಾರದಲ್ಲಿ ಬೇಕಾದಷ್ಟು ಗಳಿಸಿ, ಐವತ್ತು ದಾಟಿದ ಮೇಲೆ ಒಂದು ಹುಚ್ಚು ಹಚ್ಚಿಕೊಂಡವರು. "ನೋಡ್ತಾ ಇರಿ, ಇನ್ನೊಂದು ನಲವತ್ತು ವರ್ಷಕ್ಕೆ ಲೋಕದ ಜನರೆಲ್ಲ ಒಂದೇ ಥರ ಅಂಗಿ ಹಾಕ್ಕೊಂಡು ಒಂದೇ ಥರ ಮನೇಲಿ ಕೂತಿರ್ತಾರೆ. ಅಷ್ಟರೊಳಗೆ ಒಬ್ಬೊಬ್ಬರನ್ನೂ ಅವರವರ ಬಣ್ಣದಲ್ಲೇ ಹಿಡಿದಿಡಬೇಕು" ಎನ್ನುತ್ತಿದ್ದರು. ಬಣ್ಣದ ಫೋಟೋ ಆಗಷ್ಟೇ ಕಣ್ಣು ಬಿಟ್ಟಿದ್ದ ಕಾಲ ಅದು. ಯಜಮಾನರು ನಾಲ್ವರು ಫೋಟೋಗಾರರನ್ನು ಗೊತ್ತುಮಾಡಿ ದಿಕ್ಕಿಗೊಬ್ಬರಂತೆ ಕಳಿಸಿದ್ದರು.

ಆಗಿನ ಬಣ್ಣದ ಚಿತ್ರ ಮೂಡುತ್ತಿದ್ದದ್ದು ಗಾಜಿನ ಮೇಲೆ. ಕಣ್ಣಿಗೆ ಕಾಣದಷ್ಟು ಸಣ್ಣ ಆಲೂಗಡ್ಡೆ ಹಿಟ್ಟಿನ ಕಣಗಳಿಗೆ ಕಿತ್ತಳೆ, ಹಸಿರು, ನೇರಳೆ ಬಣ್ಣ ಕೊಟ್ಟು ಗಾಜಿನ ಫಲಕದ ಮೇಲೆ ಒತ್ತಾಗಿ ಹರಡಿರುತ್ತಿದ್ದರು. ಅದರ ಮೇಲೆ ಬೆಳಕು ಹಿಡಿಯುವ ಮದ್ದಿನ ಲೇಪ. ಎದುರಿಗೆ ನಿಂತವರು ಐದಾರು ಎಣಿಸುವ ತನಕ ಕದಲಬಾರದು. ಕದಲಿದರೆ ಮುಖ ಕಲಸಿಹೋಗುತ್ತಿತ್ತು. ಒಂದು ಫಲಕಕ್ಕೆ ಒಂದೇ ಚಿತ್ರ. ಅದರ ನಕಲು ತೆಗೆಯುವುದು ಆ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಫೋಟೋಗಾರರು ಹೋದಲ್ಲೇ ಚಿತ್ರ ತೊಳೆದು, ಮರದ ಹೊಟ್ಟು ತುಂಬಿದ ಪೆಟ್ಟಿಗೆಯಲ್ಲಿಟ್ಟು ಹಡಗಿಗೆ ಹಾಕುತ್ತಿದ್ದರು. ಬಂದ ಪೆಟ್ಟಿಗೆ ಬಿಚ್ಚಿ, ಫಲಕ ಒರೆಸಿ, ಮೆರುಗೆಣ್ಣೆ ಸವರಿ, ಮೇಲೊಂದು ಬರಿಗಾಜು ಮುಚ್ಚಿ, ಅಂಚಿಗೆ ಕಪ್ಪು ಕಾಗದದ ಪಟ್ಟಿ ಅಂಟಿಸಿ, ಫೋಟೋಗಾರ ಬರೆದ ವಿವರವನ್ನು ಚೀಟಿಯ ಮೇಲೆ ಅಂದವಾಗಿ ನಕಲು ಮಾಡುವುದು ಗಾಜಕ್ಕನ ಕೆಲಸ.

ಬಣ್ಣದ ಸಹವಾಸ ಅವಳಿಗೆ ಹುಟ್ಟಿನಿಂದಲೇ ಇತ್ತು. ಅವಳಪ್ಪ ಬಟ್ಟೆಗೆ ಬಣ್ಣ ಹಾಕುವವನು. ಬೇರು, ತೊಗಟೆ, ಎಲೆಗಳನ್ನು ದೊಡ್ಡ ಹಂಡೆಗಳಲ್ಲಿ ಕುದಿಸಿ ಎಲ್ಲರಂತೆ ಕೆಂಪು ನೀಲಿ ತೆಗೆಯುತ್ತಿದ್ದ. ಒಂದು ಬಣ್ಣ ಮಾತ್ರ ಅವನ ಸ್ವಂತದ್ದು. ಹಳದಿ ಅಂದರೆ ಹಳದಿಯಲ್ಲ, ಹಸಿರು ಅಂದರೆ ಹಸಿರಲ್ಲ. ಬಾವಿಯ ಕಲ್ಲಿಗೆ ಹಿಡಿದ ಪಾಚಿಯ ಮೇಲೆ ಸಂಜೆ ಬಿಸಿಲು ಬಿದ್ದ ಹಾಗೆ. ಪೇಟೆಯವರು ಅದನ್ನು ಪಾಚಿಹೊನ್ನು ಎಂದು ಕರೆದರು. ಅದಕ್ಕೆ ಮೂರು ದಿನ ಮೂರು ಹಂಡೆ ಬೇಕು. ಯಾವಾಗ ತೆಗೆಯಬೇಕು, ಯಾವಾಗ ಮತ್ತೆ ಅದ್ದಬೇಕು ಎಂಬುದು ಅಪ್ಪನ ಮೂಗಿಗೆ ಮಾತ್ರ ಗೊತ್ತಿತ್ತು. ಜೊತೆಯಲ್ಲಿ ನಿಂತು ಕಲಿತಿದ್ದ ಮಗನಿಗೂ ಗೊತ್ತಿತ್ತು.

ಆಮೇಲೆ ಪೇಟೆಗೆ ತಗಡಿನ ಡಬ್ಬಿಗಳಲ್ಲಿ ಬಣ್ಣದ ಪುಡಿ ಬಂತು. "ಅಪ್ಪಾ, ಮೂರು ದಿನದ ಕೆಲಸ ಮೂರು ಗಂಟೇಲಿ ಮುಗಿಯುತ್ತೆ" ಎಂದ ಅಣ್ಣ. "ಉಳಿದ ಹೊತ್ತಲ್ಲಿ ಏನು ಕಡಿದು ಕಟ್ಟೆ ಹಾಕ್ತೀಯ?" ಎಂದ ಅಪ್ಪ. ಅಣ್ಣ ಒಂದು ದಿನ ಕದ್ದು ಪುಡಿ ಕಲಸಿ ಇಪ್ಪತ್ತು ಗಜ ಬಟ್ಟೆಗೆ ಕೆಂಪು ಹಾಕಿದ. ಅಪ್ಪ ಗಿರಾಕಿಗಳ ಎದುರೇ ಆ ಹಂಡೆಯನ್ನು ಬೀದಿಗೆ ಮಗುಚಿ ಹಾಕಿ, "ಇನ್ನು ನನ್ನ ಹೊಸಲು ತುಳೀಬೇಡ" ಎಂದುಬಿಟ್ಟ. ಬೀದಿಯ ಮೋರಿ ಎರಡು ದಿನ ಕೆಂಪಗೆ ಹರಿಯಿತು. ಅಣ್ಣ ಒಂದು ಪಾಚಿಹೊನ್ನಿನ ಬಟ್ಟೆ ಹೆಗಲ ಮೇಲೆ ಎಸೆದುಕೊಂಡು ಹೋದವನು ಬಂದರಿನ ಕಡೆ ಹೋದ ಎಂಬಷ್ಟು ಮಾತ್ರ ಗೊತ್ತಾಯಿತು. ಆಗ ಅವನಿಗೆ ಇಪ್ಪತ್ತೊಂದು, ಅವಳಿಗೆ ಹದಿನಾರು.

ಹದಿನೆಂಟು ವರ್ಷ ಕಳೆದುಹೋಗಿತ್ತು. ನಾಲ್ಕನೆಯ ವರ್ಷಕ್ಕೆ ಅಪ್ಪ ತೀರಿಕೊಂಡ, ಹಂಡೆಗಳು ಮಾರಿಹೋದವು. ಅವಳಿಗೆ ಮದುವೆಯಾಗಿ ಎರಡೇ ವರ್ಷಕ್ಕೆ ಗಂಡ ಜ್ವರದಲ್ಲಿ ಹೋದ. ಈಗ ತಾಯಿ ಮಗಳು ಇಬ್ಬರೇ, ದರ್ಜಿ ಅಂಗಡಿಯ ಮೇಲಿನ ಎರಡು ಕೋಣೆಗಳಲ್ಲಿ. ತಾಯಿಯ ಎರಡು ಕಣ್ಣಿಗೂ ಪೊರೆ ಬಂದಿತ್ತು. ಬಾಯಿಗೆ ಮಾತ್ರ ಏನೂ ಬಂದಿರಲಿಲ್ಲ.

ಒಂದು ಬೆಳಿಗ್ಗೆ ಎರಡು ಸಮುದ್ರ ದಾಟಿ ಪೆಟ್ಟಿಗೆಯೊಂದು ಬಂತು. ಕಳಿಸಿದವನು ಮುಕ್ಕಾಲಿ. ಕ್ಯಾಮೆರಾದ ಮೂರು ಕಾಲಿನ ಸ್ಟ್ಯಾಂಡು ಹೆಗಲ ಮೇಲಿಲ್ಲದೆ ಎಲ್ಲೂ ಕಾಣಿಸದ ಆ ಫೋಟೋಗಾರನಿಗೆ ಮನೆಯವರು ಇಟ್ಟ ಹೆಸರದು. ಗಾಜಕ್ಕ ಮೇಲಿನ ಎಂಟು ಫಲಕ ಒರೆಸಿಟ್ಟಳು: ದೋಣಿಗಳು, ಬಲೆ ಒಣಹಾಕಿದ ಗೋಡೆ, ಬುಟ್ಟಿ ಹೊತ್ತ ಹೆಂಗಸರ ಬೆನ್ನು. ಒಂಬತ್ತನೆಯದನ್ನು ಕಿಟಕಿಗೆ ಹಿಡಿದಳು. ಕೈ ಹಾಗೇ ನಿಂತಿತು.

ಬಂದರಿನ ಕಟ್ಟೆಯ ಮೇಲೆ ಒಬ್ಬ ಗಂಡಸು. ಸೊಂಟಕ್ಕೆ ಹೆಬ್ಬೆರಳು ಸಿಕ್ಕಿಸಿ, ಒಂದು ಕಾಲಿಗೆ ಭಾರ ಕೊಟ್ಟು ನಿಂತಿದ್ದ. ತಲೆಗೆ ಸುತ್ತಿದ ಬಟ್ಟೆ ಪಾಚಿಹೊನ್ನು.

"ಬಣ್ಣ ಹಾಗೆ ಕಾಣುತ್ತೆ ಅಷ್ಟೇ" ಎಂದು ತನಗೆ ತಾನೇ ಹೇಳಿಕೊಂಡಳು. ಈ ಫಲಕಗಳು ಎಲ್ಲವನ್ನೂ ಒಂದು ಗುಲಗಂಜಿಯಷ್ಟು ಹಳದಿಗೆ ತಿರುಗಿಸುತ್ತವೆ ಎಂಬುದು ಅವಳಿಗೆ ತಿಳಿಯದ್ದಲ್ಲ. ಭೂತಗನ್ನಡಿ ತಂದು ಮುಖದ ಮೇಲಿಟ್ಟಳು. ಹತ್ತಿರ ಹೋದಷ್ಟೂ ಮುಖ ಒಡೆದು ಕಿತ್ತಳೆ, ಹಸಿರು, ನೇರಳೆ ಚುಕ್ಕೆಗಳ ರಾಶಿಯಾಯಿತು. ಕನ್ನಡಿ ಮೇಲೆತ್ತಿದರೆ ಚುಕ್ಕೆಗಳೆಲ್ಲ ಓಡಿಬಂದು ಮತ್ತೆ ಗಂಡಸಾಗಿ ನಿಂತವು. ಹಿಡಿಯಲು ಹೋದರೆ ಇಲ್ಲ, ಬಿಟ್ಟರೆ ಉಂಟು. ಕೊನೆಗೆ ಒಂದು ಹದದ ದೂರ ಸಿಕ್ಕಿತು. ಎಡಗಿವಿಯ ಮೇಲ್ತುದಿ ಇರಲಿಲ್ಲ.

ಆರು ವರ್ಷದವಳಿದ್ದಾಗ ಅವಳು ಕ್ಷೌರಿಕನ ಆಟ ಆಡಲು ಹೋಗಿ, ಅಪ್ಪನ ಬಟ್ಟೆ ಕತ್ತರಿಯಲ್ಲಿ ಅಣ್ಣನ ಕೂದಲ ಜೊತೆ ಕಿವಿಯನ್ನೂ ಕತ್ತರಿಸಿದ್ದಳು. ಹನ್ನೊಂದು ವರ್ಷದ ಅಣ್ಣ ಕಿವಿ ಹಿಡಿದುಕೊಂಡು, ರಕ್ತ ಸುರಿಸುತ್ತಾ, "ಹಂಡೆ ಮುಚ್ಚಳ ತಗಲಿತು" ಎಂದು ಅಪ್ಪನಿಗೆ ಸುಳ್ಳು ಹೇಳಿದ್ದ. ಆ ಸುಳ್ಳು ಅವರಿಬ್ಬರ ನಡುವೆಯೇ ಉಳಿದಿತ್ತು.

ಗಾಜಕ್ಕ ಫಲಕವನ್ನು ಮೇಜಿನ ಮೇಲಿಟ್ಟಳು. ಆಮೇಲೆ ಮುಕ್ಕಾಲಿಯ ವಿವರ ಓದಿದಳು: "ಬಂದರಿನ ಮೂಲನಿವಾಸಿ ಮೀನುಗಾರ, ಪಾರಂಪರಿಕ ಉಡುಪಿನಲ್ಲಿ. ಈ ಜನ ಮಿತಭಾಷಿಗಳು; ಅಪರಿಚಿತರೊಡನೆ ಬೆರೆಯುವುದಿಲ್ಲ."

ದೀಪದ ಕಂಬ ಸಿಕ್ಕಿದರೂ ನಿಲ್ಲಿಸಿ ಮಾತಾಡಿಸುತ್ತಿದ್ದ ಅಣ್ಣ! ಅವಳಿಗೆ ನಗು ಬಂತು. ನಗುತ್ತಲೇ ಕಣ್ಣು ತುಂಬಿ, ಹನಿ ಮೆರುಗೆಣ್ಣೆಯ ಬಟ್ಟಲಿಗೆ ಬೀಳದಂತೆ ಮುಖ ತಿರುಗಿಸಿದಳು. ಅಂದು ಆ ಚೀಟಿಯನ್ನು ನಕಲು ಮಾಡಲಿಲ್ಲ.

ಮನೆಯಲ್ಲೂ ಬಾಯಿ ಬಿಡಲಿಲ್ಲ. ಟ್ರಂಕಿನ ತಳದಲ್ಲಿ ಅಪ್ಪನ ಕೈಯ ಪಾಚಿಹೊನ್ನಿನ ಒಂದು ಗೇಣು ಬಟ್ಟೆ ಉಳಿದಿತ್ತು. ಮರುದಿನ ಅದನ್ನು ಮಡಿಲಲ್ಲಿ ಸಿಕ್ಕಿಸಿಕೊಂಡು ಹೋಗಿ ಫಲಕದ ಪಕ್ಕ ಹಿಡಿದು ನೋಡಿದಳು. ಅದೇ. ಆದರೂ ಮೂರು ವಾರ ತಡೆದಳು. ಮುಕ್ಕಾಲಿ ಊರಿಗೆ ವಾಪಸಾಗುವ ದಿನ ಹತ್ತಿರವಿತ್ತು. ಅವನ ಬಾಯಿಂದ ಕೇಳದೆ ಅಮ್ಮನಿಗೆ ಆಸೆ ಹುಟ್ಟಿಸುವುದು ಅವಳಿಗೆ ಬೇಡವಾಗಿತ್ತು.

ಮುಕ್ಕಾಲಿ ಬಂದ. ಬಿಸಿಲಿಗೆ ಮೂಗು ಸುಲಿದಿತ್ತು. ಮೂರನೆಯ ಮಹಡಿಗೆ ಬಂದು, "ಎಲ್ಲಾ ಸರಿಯಾಗಿ ಬಂದಿದಾವಾ ಗಾಜಕ್ಕ? ಏನೂ ಒಡೆದಿಲ್ಲ ತಾನೆ?" ಎಂದ.

"ಏನೂ ಒಡೆದಿಲ್ಲ. ಈ ಮನುಷ್ಯ ಯಾರು?"

"ಬರೆದಿದೀನಲ್ಲ. ಅಲ್ಲಿನ ಮೀನುಗಾರ."

"ಮಾತಾಡಿಸಿದ್ರಾ?"

"ಅವರ ಭಾಷೆ ನನಗೆಲ್ಲಿ ಬರುತ್ತೆ?"

"ಅವರಿಗೆ ನಿಮ್ಮ ಭಾಷೆ ಬರ್ತಿತ್ತಲ್ಲ."

ಮುಕ್ಕಾಲಿ ತಟ್ಟನೆ ಬಾಗಿಲ ಕಡೆ ನೋಡಿದ. "ಯಾರು ಹೇಳಿದ್ರು ನಿಮಗೆ?"

"ಯಾರೂ ಹೇಳಲಿಲ್ಲ. ಆ ಕಿವಿ ಕತ್ತರಿಸಿದ್ದು ನಾನು."

ಅವನು ಸ್ಟೂಲು ಎಳೆದುಕೊಂಡು ಕೂತ. ಎಲ್ಲ ಕೇಳಿಸಿಕೊಂಡ ಮೇಲೆ ತಾನೂ ಎಲ್ಲ ಹೇಳಿದ. ಆ ಬಂದರಿನಲ್ಲಿ ಹತ್ತು ದಿನ ಒಬ್ಬರೂ ಅವನ ಕ್ಯಾಮೆರಾದ ಮುಂದೆ ನಿಂತಿರಲಿಲ್ಲ. ಮೀನು ಇಳಿಸುವ ಗಡಿಬಿಡಿಯಲ್ಲಿ ಆರು ಎಣಿಸುವಷ್ಟು ಪುರುಸೊತ್ತು ಯಾರಿಗಿದೆ? ಸಮುದ್ರದ ತೇವಕ್ಕೆ ಫಲಕಗಳಲ್ಲಿ ಹಸಿರು ಕಲೆ ಬೀಳತೊಡಗಿತ್ತು. ತಲೆ ಚಿಟ್ಟುಹಿಡಿದು ನಿಂತಿದ್ದಾಗ ಬೆನ್ನ ಹಿಂದಿನಿಂದ ತನ್ನದೇ ಭಾಷೆ ಕೇಳಿಸಿತು: "ಏನ್ ಸ್ವಾಮಿ, ಬಿಸಿಲು ಹೋಗೋವರೆಗೂ ಹೀಗೇ ನಿಂತಿರ್ತೀರಾ?"

"ಎಲ್ಲಿಯವರು ಅಂತ ಕೇಳಿದೆ, ಗಾಜಕ್ಕ. 'ಈಗ ಇಲ್ಲಿಯವನೇ' ಅಂದ್ರು. ಅದಕ್ಕಿಂತ ಹೆಚ್ಚು ಹೇಳಲಿಲ್ಲ. ನನಗೂ ಒಬ್ಬರು ನಿಂತರೆ ಸಾಕಾಗಿತ್ತು. ಚೆನ್ನಾಗಿ ಬಂತು ಚಿತ್ರ. ಆಮೇಲೆ ಹಾಗೆ ಬರೆದುಬಿಟ್ಟೆ." ದನಿ ಇಳಿಸಿ ಕೇಳಿಕೊಂಡ: "ಯಜಮಾನರಿಗೆ ಗೊತ್ತಾದರೆ ಈ ಒಂದು ಚಿತ್ರಕ್ಕಷ್ಟೇ ಅಲ್ಲ, ನನ್ನ ಒಂಬತ್ತು ವರ್ಷದ ಕೆಲಸಕ್ಕೆಲ್ಲ ಮಸಿ ಬಳಿದ ಹಾಗಾಗುತ್ತೆ."

ಗಾಜಕ್ಕ ಬಹಳ ಹೊತ್ತು ಯೋಚಿಸಲಿಲ್ಲ. "ನಾನೇನೂ ಹೇಳಲ್ಲ. ಮತ್ತೆ ಆ ಕಡೆ ಯಾವಾಗ ಹೋಗ್ತೀರಿ?"

"ಮುಂದಿನ ತಿಂಗಳು."

"ಒಂದು ಕಾಗದ ಕೊಡ್ತೀನಿ. ಅವನ ಕೈಗೇ ಮುಟ್ಟಿಸಬೇಕು."

ಆ ಸಂಜೆ ಅಮ್ಮನಿಗೆ ಹೇಳಿದಳು. ಅಮ್ಮ ಬಟಾಣಿ ಸುಲಿಯುತ್ತಿದ್ದಳು. ಕೈ ನಿಲ್ಲಿಸದೆ ಪೂರ್ತಿ ಕೇಳಿದಳು. ಆಮೇಲೆ ಸಿಪ್ಪೆಯನ್ನು ಬಟ್ಟಲಿಗೂ ಕಾಳನ್ನು ಕಸಕ್ಕೂ ಹಾಕತೊಡಗಿದಳು. "ನಾಳೆ ನನ್ನ ಕರ್ಕೊಂಡು ಹೋಗು" ಎಂದಳು.

"ನಿನಗೆ ಕಾಣಲ್ಲಮ್ಮ."

"ಕಾಣದಿದ್ರೆ ಬೇಡ. ಅವನ ಎದುರಿಗೆ ನಿಂತು ಬರ್ತೀನಿ."

ಯಜಮಾನರು ಊಟಕ್ಕೆ ಹೊರಗೆ ಹೋದ ಹೊತ್ತು ನೋಡಿ ಗಾಜಕ್ಕ ತಾಯಿಯನ್ನು ಕರೆತಂದಳು. ಮೂರು ಮಹಡಿಯ ಮೆಟ್ಟಿಲು. "ದಿನಾ ಇಷ್ಟು ಹತ್ತಿ ಇಳಿದೂ ನಿನ್ನ ಮೈ ಕರಗಿಲ್ಲವಲ್ಲೇ" ಎಂದು ಪ್ರತಿ ತಿರುವಿನಲ್ಲೂ ನಿಂತು ಗೊಣಗಿದಳು ತಾಯಿ. ಗಾಜಕ್ಕ ಅವಳನ್ನು ಕಿಟಕಿಯ ಮುಂದೆ ನಿಲ್ಲಿಸಿ, ಫಲಕವನ್ನು ಬೆಳಕಿಗೆ ಹಿಡಿದಳು. ಅಮ್ಮ ಮೂಗು ತಾಗುವಷ್ಟು ಹತ್ತಿರ ಬಂದಳು, ಹಿಂದೆ ಸರಿದಳು, ತಲೆಯನ್ನು ಆ ಕಡೆ ಈ ಕಡೆ ವಾಲಿಸಿದಳು.

"ಮುಖ ಇಲ್ಲ" ಎಂದಳು. "ಬರೀ ಮಂಜು." ಆಮೇಲೆ ಅವಳ ಬೆರಳು ಗಾಜಿನ ಮೇಲ್ಭಾಗಕ್ಕೆ ಹೋಗಿ ನಿಂತಿತು. "ಇಲ್ಲಿ ಏನೋ ಇದೆ. ಇದು ನಿಮ್ಮಪ್ಪನದು."

"ಹೌದಮ್ಮ."

"ನಿಂತಿದಾನೋ ಕೂತಿದಾನೋ?"

"ನಿಂತಿದಾನೆ. ಹೆಬ್ಬೆರಳು ಸೊಂಟಕ್ಕೆ ಸಿಕ್ಕಿಸ್ಕೊಂಡು."

"ಅದೊಂದು ಕೆಟ್ಟ ಚಾಳಿ. ದಪ್ಪ ಆಗಿದಾನಾ?"

"ಇಲ್ಲ. ಗಟ್ಟಿಯಾಗಿದಾನೆ. ಗಡ್ಡ ಬಿಟ್ಟಿದಾನೆ, ಒಂದೆರಡು ಬಿಳಿ ಇದೆ."

"ನನ್ನ ಮಗನಿಗೆ ಬಿಳಿ ಗಡ್ಡವಾ!" ಅಮ್ಮ ಕೇಳಿದಳು, "ಇದನ್ನ ಯಾವುದರಲ್ಲಿ ಮಾಡ್ತಾರೆ ಅಂದೆ?"

"ಆಲೂಗಡ್ಡೆ ಹಿಟ್ಟಲ್ಲಿ."

"ಹದಿನೆಂಟು ವರ್ಷ ಕಂಡಕಂಡವರನ್ನೆಲ್ಲ ಕೇಳಿದೆ. ಆಲೂಗಡ್ಡೇನ ಕೇಳಬೇಕಿತ್ತು ನೋಡು" ಎಂದಳು. ಮಗಳ ಭುಜಕ್ಕೆ ಹಣೆ ಒರಗಿಸಿ ಅತ್ತಳು.

ಕಾಗದ ಬರೆಯಲು ನಾಲ್ಕು ಸಂಜೆ ಹಿಡಿಯಿತು. ಅಪ್ಪ ಹೋದದ್ದನ್ನು ಗಾಜಕ್ಕ ಒಂದೇ ಸಾಲಿನಲ್ಲಿ ಬರೆದು ನಿಲ್ಲಿಸಿದಾಗ ಅಮ್ಮ, "ಇನ್ನೊಂದು ಬರಿ" ಎಂದಳು. ಮಗಳಿಗೂ ಗೊತ್ತಿರದ ಸಂಗತಿ ಅದು. ತೀರಿಕೊಳ್ಳುವ ಮೊದಲಿನ ವರ್ಷ ಅಪ್ಪ ಯಾರಿಗೂ ಕಾಣದಂತೆ ಒಂದು ಪುಡಿಯ ಡಬ್ಬಿ ತಂದಿದ್ದನಂತೆ. ಹಿತ್ತಲಲ್ಲಿ ಕರವಸ್ತ್ರದಷ್ಟು ಬಟ್ಟೆ ಅದ್ದಿ, ಹಿಂಡಿ, ಒಣಗಿಸಿ, ಬಹಳ ಹೊತ್ತು ನೋಡಿ, "ಕೆಂಪು ಪರವಾಗಿಲ್ಲ ಕಣೇ" ಎಂದನಂತೆ. ಅಷ್ಟೇ. ಮಗನ ಹೆಸರೆತ್ತಲಿಲ್ಲ. ಅದನ್ನು ಅಮ್ಮ ಹೇಳಿದಂತೆಯೇ, ಒಂದು ಅಕ್ಷರವೂ ಬದಲಿಸದೆ ಗಾಜಕ್ಕ ಬರೆದಳು.

ಮುಕ್ಕಾಲಿ ಹೊರಟ. ಆಮೇಲಿನ ಹತ್ತು ತಿಂಗಳು ಗಾಜಕ್ಕನಿಗೆ ಒಂದು ಯುಗ. ಬರುವ ಪ್ರತಿಯೊಂದು ಪೆಟ್ಟಿಗೆಯಲ್ಲೂ ಮೊದಲು ಲಕೋಟೆ ಇದೆಯೇ ಎಂದು ನೋಡುತ್ತಿದ್ದಳು. ಬೇರೆ ಮೂವರು ಫೋಟೋಗಾರರ ಚಿತ್ರಗಳಲ್ಲೂ ಹುಡುಕುವ ಚಟ ಅಂಟಿಕೊಂಡಿತು: ಸಂತೆಯ ಗುಂಪಿನ ಅಂಚಿನಲ್ಲಿ, ದೋಣಿಯ ನೆರಳಿನಲ್ಲಿ, ಕದಲಿ ಕಲಸಿಹೋದ ಮುಖಗಳಲ್ಲಿ. ಹಾಗೆ ನೋಡುತ್ತಾ ನೋಡುತ್ತಾ ಅವಳಿಗೆ ಒಂದು ವಿಷಯ ಹೊಳೆಯಿತು. ಈ ಪೆಟ್ಟಿಗೆಗಳಲ್ಲಿ ನಿಂತಿರುವ ಸಾವಿರಾರು ಜನರಲ್ಲಿ ಪ್ರತಿಯೊಬ್ಬರೂ ಯಾರಿಗೋ ಬೇಕಾದವರು. ಅವರ ಚಿತ್ರ ಇಲ್ಲಿದೆ ಎಂಬುದು ಅವರ ಮನೆಯವರಾರಿಗೂ ಗೊತ್ತಿಲ್ಲ. ಅಲ್ಲಿಂದಾಚೆಗೆ ಅವಳು ಒರೆಸುವಾಗ ಹೆಚ್ಚು ಹೊತ್ತು ತೆಗೆದುಕೊಳ್ಳುತ್ತಿದ್ದಳು. ಕೆಲಸ ಹಿಂದೆ ಬಿತ್ತು. ಯಜಮಾನರು ಒಮ್ಮೆ ಗದರಿದರು ಕೂಡ.

ಮುಕ್ಕಾಲಿ ಈ ಸಲ ಪೆಟ್ಟಿಗೆಯ ಜೊತೆಗೇ ಬಂದ. ನೇರವಾಗಿ ಮೇಲೆ ಹತ್ತಿ, ಎರಡು ಫಲಕ ಮತ್ತು ಒಂದು ಲಕೋಟೆ ಮೇಜಿನ ಮೇಲಿಟ್ಟ.

ಮೊದಲ ಫಲಕದಲ್ಲಿ ಹನ್ನೊಂದು ಮೀನುಗಾರರು ಸಾಲಾಗಿ ನಿಂತಿದ್ದರು. ಹನ್ನೊಂದು ತಲೆಗೂ ಪಾಚಿಹೊನ್ನು.

"ನಿಮ್ಮಣ್ಣ ಅಲ್ಲಿ ಹಾಯಿಗಳಿಗೆ, ಬಲೆಗಳಿಗೆ ತೊಗಟೆ ಬಣ್ಣ ಹಾಕ್ತಾರೆ" ಎಂದ ಮುಕ್ಕಾಲಿ. "ಅಲ್ಲಿಯ ಹೆಂಗಸನ್ನೇ ಮದುವೆಯಾಗಿದಾರೆ. ಮಾವನಿಗೆ ಒಂದು ತಲೆಬಟ್ಟೆಗೆ ಈ ಬಣ್ಣ ಹಾಕಿಕೊಟ್ರಂತೆ. ಆಮೇಲೆ ಮಾವನ ತಮ್ಮಂದಿರಿಗೆ, ನೆಂಟರಿಗೆ. ಈಗ ಆ ಬಂದರಲ್ಲಿ ಬೇರೆ ಬಣ್ಣ ಸುತ್ತಿಕೊಂಡರೆ ಪರವೂರಿನವನು ಅಂತ ನೋಡ್ತಾರೆ."

"ಪುಡಿ ಬಣ್ಣನಾ?"

"ಮೂರು ದಿನ, ಮೂರು ಹಂಡೆ. ಪುಡಿ ಅಂದರೆ ಬೈತಾರೆ."

ಎರಡನೆಯದರಲ್ಲಿ ಅಣ್ಣ, ಅವನ ಹೆಂಡತಿ, ಇಬ್ಬರು ಹೆಣ್ಣುಮಕ್ಕಳು. ಚಿಕ್ಕವಳು ಕದಲಿದ್ದಳು, ಅವಳ ಮುಖವಿರಬೇಕಾದ ಕಡೆ ಗುಲಾಬಿ ಬಣ್ಣದ ಹೊಗೆಯಿತ್ತು. ಗಾಜಕ್ಕ ಲಕೋಟೆ ಒಡೆಯುವ ಮುಂಚೆ ಕೇಳಿದಳು, "ಕಾಗದ ಓದಿ ಏನಂದ?"

"ನಿಂತುಕೊಂಡೇ ಓದಿದ್ರು. ಅಪ್ಪನ ಡಬ್ಬಿಯ ವಿಷಯ ಬಂತೇನೋ, 'ತಡೀರಿ' ಅಂದು ಹೊರಗೆ ಹೋದ್ರು. ನಾನು ಕಾಯ್ತಾ ಕೂತೆ. ಅವರ ಹೆಂಡತಿ ಹಂಡೆ ಕೆಳಗಿನ ಬೆಂಕಿ ಆರದ ಹಾಗೆ ನೋಡ್ಕೊಂಡ್ರು. ಅವರು ಬಂದಾಗ ಸಂಜೆಯಾಗಿತ್ತು."

ಅಣ್ಣನ ಕಾಗದ ಚಿಕ್ಕದು. ಹದಿನೆಂಟು ವರ್ಷ ಬರೆಯದ ಕೈ. ಅಕ್ಷರಗಳು ಬಾಲ ಸುಟ್ಟ ಬೆಕ್ಕಿನಂತೆ ಎಲ್ಲೆಲ್ಲೋ ಓಡಿದ್ದವು. "ಪುಟ್ಟೀ, ಮೊದಲ ವರ್ಷ ಸಿಟ್ಟಿಗೆ ಬರೆಯಲಿಲ್ಲ. ಎರಡನೆಯ ವರ್ಷ ನಾಚಿಕೆಗೆ. ಆಮೇಲೆ ಏನಂತ ಶುರು ಮಾಡಬೇಕೋ ತಿಳಿಯಲಿಲ್ಲ. ಬರ್ತೀನಿ ಅಂತ ಬರೆಯೋಕೆ ಕೈ ಬರ್ತಿಲ್ಲ. ಬರೆದರೆ ಅಮ್ಮ ಬಾಗಿಲಲ್ಲೇ ಕೂತಿರ್ತಾಳೆ. ಇಲ್ಲಿ ಇವರೆಲ್ಲ ನನ್ನನ್ನೇ ನಂಬಿಕೊಂಡಿದಾರೆ. ಅಮ್ಮನ ಮುಖ ಮರೆತಿಲ್ಲ. ಆದರೆ ಅವಳ ಕಣ್ಣಿನ ಬಣ್ಣ ನೆನಪಿಗೆ ಬರ್ತಾ ಇಲ್ಲ, ಅದು ತುಂಬಾ ಕಾಡುತ್ತೆ. ಆ ಪುಣ್ಯಾತ್ಮ ಅವಳದೊಂದು ಬಣ್ಣದ ಚಿತ್ರ ತೆಗೆದು ತಂದುಕೊಟ್ಟರೆ ಸಾಕು."

ಅಂದು ಮಧ್ಯಾಹ್ನವೇ ಮುಕ್ಕಾಲಿ ಯಾರೂ ಕೇಳದಿದ್ದರೂ ಯಜಮಾನರ ಕೋಣೆಗೆ ಹೋಗಿ, ಹಳೆಯ ಚೀಟಿಯ ಸುಳ್ಳನ್ನು ಒಪ್ಪಿಕೊಂಡ. ಯಜಮಾನರು ಗಾಜಕ್ಕನನ್ನೂ ಕರೆಸಿದರು. ಮೂರು ಫಲಕಗಳನ್ನೂ ಕಿಟಕಿಗೆ ಒರಗಿಸಿ, ಕೈ ಹಿಂದೆ ಕಟ್ಟಿಕೊಂಡು ನಿಂತಿದ್ದರು.

"ಸುಳ್ಳು ಬರೆದದ್ದು ತಪ್ಪು" ಎಂದರು ಮುಕ್ಕಾಲಿಗೆ. "ಇನ್ನೊಮ್ಮೆ ಬರೆದರೆ ಮನೆ ದಾರಿ ಹಿಡೀಬೇಕಾಗುತ್ತೆ." ಆಮೇಲೆ ಹನ್ನೊಂದು ತಲೆಬಟ್ಟೆಗಳ ಕಡೆ ತಿರುಗಿದರು. "ಈ ಬಣ್ಣ ಯಾರದು ಅಂತ ಬರೆಯೋದಮ್ಮ? ಅವರದಾ, ನಿಮ್ಮಪ್ಪನದಾ?"

"ಎರಡೂ ಬರೀತೀನಿ."

"ಮತ್ತೆ ಅವನು? ಅಲ್ಲಿಯವನಾ, ಇಲ್ಲಿಯವನಾ?"

ಗಾಜಕ್ಕ ಒಂದು ಫಲಕದಿಂದ ಇನ್ನೊಂದಕ್ಕೆ ಕಣ್ಣು ಹಾಯಿಸಿದಳು. ಯಜಮಾನರು ಒತ್ತಾಯಿಸಲಿಲ್ಲ. "ಹೋಗಲಿ, ಅವನ ಹೆಸರು ಬರಿ" ಎಂದರು. ಆ ಮನೆಯ ಸಾವಿರಾರು ಚೀಟಿಗಳಲ್ಲಿ ಒಬ್ಬ ಮನುಷ್ಯನ ಹೆಸರು ಬಿದ್ದದ್ದು ಅದೇ ಮೊದಲು.

ಮುಕ್ಕಾಲಿಯ ಮುಂದಿನ ಹಡಗು ಎರಡು ವಾರದಲ್ಲಿತ್ತು. ಹೊಸ ಫಲಕಗಳು ಇನ್ನೂ ಬಂದಿರಲಿಲ್ಲ. ಹಳೆಯ ಡಬ್ಬಿಯಲ್ಲಿ ಕೆಡದೆ ಉಳಿದಿದ್ದದ್ದು ಒಂದೇ ಒಂದು. ದರ್ಜಿ ಅಂಗಡಿಯ ಹಿಂದಿನ ಅಂಗಳದಲ್ಲಿ ಅವನು ಸ್ಟ್ಯಾಂಡು ಹೂಡಿದ. ಮೋಡ ಕವಿದಿತ್ತು.

"ಹನ್ನೆರಡು ಎಣಿಸ್ತೀನಿ ಅಜ್ಜಿ. ಕದಲಬಾರದು, ಮಾತಾಡಬಾರದು. ಕಣ್ಣು ಅಗಲವಾಗಿ ಬಿಟ್ಕೊಂಡು ಇರಬೇಕು."

"ಮಾತಾಡದೆ ಹನ್ನೆರಡಾ? ಆರಕ್ಕೆ ಮುಗಿಸೋಕಾಗಲ್ವೇನಪ್ಪ?"

"ಬೆಳಕು ಸಾಲದು."

ಅಮ್ಮ ಒಗೆದ ಬಿಳಿ ರವಿಕೆ ತೊಟ್ಟು, ನೀಲಿ ಸೀರೆ ಉಟ್ಟಿದ್ದಳು. ಗೋಡೆಗೆ ಬೆನ್ನು ತಾಗಿಸಿ ಕೂತು, ಕೈಗಳನ್ನು ಮಡಿಲಲ್ಲಿ ಒಂದರ ಮೇಲೊಂದು ಇಟ್ಟಳು. ದನಿ ಬಂದ ದಿಕ್ಕಿಗೆ ಮುಖ ಮಾಡಿದಳು. ಮುಕ್ಕಾಲಿ ಮುಚ್ಚಳ ತೆಗೆದು ಎಣಿಸತೊಡಗಿದ. ಪಕ್ಕದ ಮನೆಯ ನಾಯಿ ಬೊಗಳಿತು. ಒಂದು ನೊಣ ಅವಳ ಮಣಿಕಟ್ಟಿನ ಮೇಲೆ ಕೂತು, ನಡೆದು, ಹಾರಿಹೋಯಿತು. ಅಮ್ಮ ರೆಪ್ಪೆ ಕೂಡ ಆಡಿಸಲಿಲ್ಲ. ತಾನು ಹುಟ್ಟಿದಾಗಿನಿಂದ ಅಮ್ಮ ಅಷ್ಟು ಹೊತ್ತು ಸುಮ್ಮನಿದ್ದದ್ದನ್ನು ಗಾಜಕ್ಕ ಕಂಡಿರಲಿಲ್ಲ.

"ಹನ್ನೆರಡು. ಮುಗೀತು."

"ಉಸಿರು ಬಿಡ್ಲಾ?" ಎಂದಳು ಅಮ್ಮ.

ಚಿತ್ರ ಮೂಡಿತು. ಸುಣ್ಣದ ಗೋಡೆ, ನೀಲಿ ಸೀರೆ, ಸುಕ್ಕುಗಟ್ಟಿದ ಕೈಗಳು. ಪೊರೆಯ ಹಿಂದೆ ತೆಳುವಾದ ಕಂದು ಕಣ್ಣು. ಒಲೆಯ ಬೂದಿಯ ಕೆಳಗೆ ಕೆಂಡ ಕಾಣುವ ಹಾಗೆ. ಗಾಜಕ್ಕ ಮೆರುಗೆಣ್ಣೆ ಸವರಿ, ಬರಿಗಾಜು ಮುಚ್ಚಿ, ಅಂಚು ಕಟ್ಟಿದಳು. ಕಟ್ಟಿದ ಮೇಲೆ ಪೆಟ್ಟಿಗೆಗೆ ಹಾಕಲು ಮನಸ್ಸು ಬರಲಿಲ್ಲ. ದಿನವೂ ಎದುರಿಗಿದ್ದ ಮುಖವನ್ನು ಅವಳು ವರ್ಷಗಳ ಮೇಲೆ ಮೊದಲ ಸಲ ಸರಿಯಾಗಿ ನೋಡಿದ್ದಳು. ಅಮ್ಮನಿಗೆ ರಾತ್ರಿಯೆಲ್ಲ ಕೆಮ್ಮು. ಈಚೆಗೆ ಊಟವೂ ಅಷ್ಟಕ್ಕಷ್ಟೆ. ಇನ್ನೊಂದು ಫಲಕ ಬರುವ ಹೊತ್ತಿಗೆ ಏನಾಗುತ್ತದೋ. ಅಣ್ಣನಿಗಾದರೂ ಹೆಂಡತಿ, ಮಕ್ಕಳು, ಹನ್ನೊಂದು ಜನ ನೆಂಟರು. ತನಗೆ ಯಾರಿದ್ದಾರೆ? ಫಲಕವನ್ನು ಮೂರು ದಿನ ಮೇಜಿನ ಮೇಲೆ ಬಟ್ಟೆ ಮುಚ್ಚಿ ಇಟ್ಟುಕೊಂಡಳು.

ಹಡಗಿನ ಹಿಂದಿನ ದಿನ ಅಮ್ಮ ಕೇಳಿದಳು, "ಕಳಿಸಿದೆಯಾ?"

"ಇಲ್ಲ."

ಅಮ್ಮ ಕೈ ಚಾಚಿ ಮಗಳ ಮುಖ ತಡವಿದಳು. "ನೀನು ನನ್ನ ಬಾಯಿ ಕೇಳಿದೀಯ, ಬೈಗುಳ ಕೇಳಿದೀಯ, ಕೆಮ್ಮು ಕೇಳಿದೀಯ. ಅವನಿಗೆ ಏನು ಸಿಕ್ಕಿದೆ ಹೇಳು."

ಬೆಳಿಗ್ಗೆ ಗಾಜಕ್ಕ ಫಲಕವನ್ನು ಮೆತ್ತನೆಯ ಬಟ್ಟೆಯಲ್ಲಿ ಸುತ್ತಿ, ಹೊಟ್ಟಿನ ನಡುವೆ ಕೂರಿಸಿ, ಮುಚ್ಚಳಕ್ಕೆ ತಾನೇ ಮೊಳೆ ಹೊಡೆದಳು.

ಆ ಚಳಿಗಾಲದ ಕೊನೆಗೆ ಅಮ್ಮ ಹೋದಳು. ಹೆಚ್ಚು ನರಳಲಿಲ್ಲ. ಎರಡು ದಿನ ಮಾತು ಕಡಿಮೆ ಮಾಡಿದಳು, ಮೂರನೆಯ ದಿನ ನಿಲ್ಲಿಸಿದಳು. ಕೋಣೆಯ ಸದ್ದಡಗಿದ್ದಕ್ಕೆ ಕೆಳಗಿನ ದರ್ಜಿಯೇ ಮೆಟ್ಟಿಲು ಹತ್ತಿ ಬಂದು ವಿಚಾರಿಸಿದ.

ಆರು ವಾರದ ನಂತರ, ವಾಪಸಾದ ಮುಕ್ಕಾಲಿಯ ಕೈಯಲ್ಲಿ ಅಣ್ಣನ ಕಾಗದ ಬಂತು. "ಚಿತ್ರ ಬಂತು. ಮೇಲಿನ ಒಂದು ಮೂಲೆ ಸೀಳಿದೆ, ಅಮ್ಮನಿಗೆ ಏನೂ ಆಗಿಲ್ಲ. ಪೂರ್ವದ ಕಿಟಕಿಗೆ ಚೌಕಟ್ಟು ಮಾಡಿ ಕೂರಿಸಿದೀನಿ. ಬೆಳಿಗ್ಗೆ ಬಿಸಿಲು ಬಂದರೆ ನೆಲದ ಮೇಲೂ ಸ್ವಲ್ಪ ಬೀಳ್ತಾಳೆ. ಬಿಸಿಲಿಗೆ ಬಣ್ಣ ಹೋಗುತ್ತೆ ಅಂತ ಮುಕ್ಕಾಲಿಯವರು ಬೈದರು. ಅದಕ್ಕೆ ಒಂದು ಪರದೆ ಹಾಕಿ, ದಿನಕ್ಕೆ ಒಂದು ಸಲ ತೆಗೀತೀವಿ. ಚಿಕ್ಕವಳು ಅಜ್ಜಿ ಯಾಕೆ ಮಾತಾಡಲ್ಲ ಅಂತಾಳೆ. ಅಮ್ಮ ಹೇಗಿದಾಳೆ? ಕೆಮ್ಮು ಕಡಿಮೆಯಾಯಿತಾ?"

ಗಾಜಕ್ಕ ಉತ್ತರ ಬರೆಯಲು ಕೂತಳು. ಮೊದಲ ಸಾಲಿಗೇ ಮೂರು ಹಾಳೆ ಹರಿದಳು. ಎರಡು ಸಮುದ್ರ ದಾಟಿ ಹೋಗುವ ಕಾಗದದಲ್ಲಿ ಆ ಮಾತನ್ನು ಮಡಿಚಿಡಲು ಅವಳಿಂದ ಆಗಲಿಲ್ಲ. ಕೊನೆಗೆ "ಮುಂದಿನ ತಿಂಗಳ ಹಡಗಿಗೆ ಹೊರಡ್ತಿದೀವಿ ಅಣ್ಣ, ಬಂದರಿಗೆ ಬಾ" ಎಂದಷ್ಟೇ ಬರೆದಳು. ತನ್ನ ಜೊತೆ ಮುಕ್ಕಾಲಿಯೂ ಬರುವವನಿದ್ದದ್ದರಿಂದ "ಹೊರಡ್ತಿದೀವಿ" ಎಂದು ಬರೆದಿದ್ದಳು. ಅದನ್ನು ಅಣ್ಣ ಹೇಗೆ ಓದಬಹುದೆಂದು ಹೊಳೆಯುವ ಹೊತ್ತಿಗೆ ಕಾಗದ ಅಂಚೆಗೆ ಬಿದ್ದಾಗಿತ್ತು. ಯಜಮಾನರು ಒಂದು ವರ್ಷದ ರಜೆ ಕೊಟ್ಟರು. "ವಾಪಸ್ ಬರ್ತೀಯ ತಾನೆ?" ಎಂದು ಎರಡು ಸಲ ಕೇಳಿದರು.

ನಲವತ್ತೊಂದನೆಯ ದಿನ ಬೆಳಿಗ್ಗೆ ಹಡಗು ಆ ಬಂದರು ಮುಟ್ಟಿತು. ಕಟ್ಟೆಯ ತುಂಬ ಜನ. ಒಂದೇ ಬಣ್ಣದ ಅಷ್ಟು ತಲೆಗಳ ನಡುವೆ ಯಾರೆಂದು ಗುರುತಿಸುವುದು? ಗಾಜಕ್ಕ ಹಲಗೆಯ ಮೆಟ್ಟಿಲ ಮೇಲೆ ತಡವರಿಸುತ್ತ ಇಳಿಯುತ್ತಿದ್ದಾಗ ಗುಂಪಿನಿಂದ "ಪುಟ್ಟೀ" ಎಂಬ ಕೂಗು ಬಂತು. ಗಡ್ಡ ಚಿತ್ರದಲ್ಲಿದ್ದುದಕ್ಕಿಂತ ಬೆಳ್ಳಗಾಗಿತ್ತು. ಅವನು ಜನರನ್ನು ತಳ್ಳಿಕೊಂಡು ಬಂದು ಅವಳ ಎರಡೂ ಕೈ ಹಿಡಿದುಕೊಂಡ. ಕೈ ಬಿಸಿಯಾಗಿತ್ತು, ಉಗುರಿನ ಸಂದಿಯಲ್ಲೆಲ್ಲ ತೊಗಟೆಯ ಕಪ್ಪು. ಅವನ ಕಣ್ಣು ಅವಳ ಹೆಗಲ ಮೇಲಿಂದ ಹಾದು, ಮೆಟ್ಟಿಲ ಮೇಲೆ ಇನ್ನೂ ಇಳಿಯುತ್ತಿದ್ದವರನ್ನು ಒಬ್ಬೊಬ್ಬರಾಗಿ ನೋಡುತ್ತಿತ್ತು. ಮುಕ್ಕಾಲಿ ಸ್ಟ್ಯಾಂಡು ಹೊತ್ತು ಇಳಿದ. ಅವನ ಹಿಂದೆ ಒಂದು ಸಂಸಾರ, ಅದರ ಹಿಂದೆ ಇಬ್ಬರು ನಾವಿಕರು. ಆಮೇಲೆ ಮೆಟ್ಟಿಲು ಖಾಲಿಯಾಯಿತು.

ಗಾಜಕ್ಕ ಅವನ ಕೈಗಳನ್ನು ಇನ್ನಷ್ಟು ಗಟ್ಟಿಯಾಗಿ ಹಿಡಿದಳು.

"ನಾನೊಬ್ಬಳೇ ಅಣ್ಣ" ಎಂದಳು.